ಬಸ್ಸಿಗೆ ಕಾಯ್ತಾ ನಿಂತ ಹೆಂಗಸರು: ಫೋರ್ಟಿನಲ್ಲಿ ಸಿಕ್ಕಿದ ಒಂದು ಜರ್ಮನ್ ಫೋಟೋ ಪುಸ್ತಕ

ಪುಸ್ತಕ ಹೊಸದೇನಲ್ಲ, 2018ರಲ್ಲಿ ಬಂದಿದ್ದು. ನಂಗೆ ಸಿಕ್ಕಿದ್ದು ಮಾತ್ರ ಈ ಸಲ ಮಳೆ ಹಿಡಿಯೋಕೆ ಒಂದು ವಾರ ಮುಂಚೆ, ಮುಂಬಯಿ ಫೋರ್ಟಿನ ಒಂದು ಗಲ್ಲೀಲಿರೋ ಹಳೇ ಪುಸ್ತಕದಂಗಡೀಲಿ. ಹೆಸರು 'ದಿ ಲ್ಯಾಂಡ್ ಇನ್-ಬಿಟ್ವೀನ್', ಫೋಟೋಗ್ರಾಫರ್ ಉರ್ಸುಲಾ ಶುಲ್ಟ್ಸ್-ಡೋರ್ನ್‌ಬುರ್ಗ್, ಲಂಡನ್ನಿನ ಮ್ಯಾಕ್ ಪ್ರಕಾಶನ. ಫ್ರಾಂಕ್‌ಫರ್ಟಿನ ಸ್ಟೇಡೆಲ್ ಮ್ಯೂಸಿಯಂನಲ್ಲಿ ಅದೇ ವರ್ಷ ಅವರ ದೊಡ್ಡ ಪ್ರದರ್ಶನ ಆಗಿತ್ತು, ಅದರ ಜೊತೆ ಬಂದ ಪುಸ್ತಕ ಇದು. ಅಂಗಡಿ ಕಾಕಾ 4000 ಅಂದ್ರು, ಚೌಕಾಸಿ ಮಾಡಿ 3200ಕ್ಕೆ ಬಿಟ್ಕೊಟ್ರು. ಒಂದು ಮೂಲೆ ಸ್ವಲ್ಪ ಜಜ್ಜಿತ್ತು, ಒಳಗೆಲ್ಲ ಕ್ಲೀನ್.

ಕನ್ನಡದಲ್ಲಿ ಫೋಟೋ ಪುಸ್ತಕದ ಬಗ್ಗೆ ಬರೆಯೋರು ಕಮ್ಮಿ, ಬರೆದ್ರೂ ಹಕ್ಕಿ, ಹುಲಿ, ಹಂಪಿ ಅಷ್ಟೇ, ಅದಕ್ಕೆ ಸ್ವಲ್ಪ ಉದ್ದಕ್ಕೆ ಬರೀತಿದ್ದೀನಿ, ಸಹಿಸ್ಕೊಳ್ಳಿ. ಜರ್ಮನಿಯ ಫೋಟೋಗ್ರಾಫರ್ ಅಂದ ತಕ್ಷಣ ನಮ್ಮ ಕ್ಯಾಮೆರಾ ಗ್ರೂಪಿನವರಿಗೆ ಗುರ್ಸ್ಕಿ ಹೆಸರು ನೆನಪಾಗುತ್ತೆ, ರೈನ್ ನದಿಯ ಆ ಒಂದು ಫೋಟೋ 2011ರಲ್ಲಿ 43 ಲಕ್ಷ ಡಾಲರಿಗೆ ಹೋಯ್ತಲ್ಲ ಅವ್ರು. ಇಲ್ಲಾಂದ್ರೆ ನೀರಿನ ಟ್ಯಾಂಕು, ಗಣಿಯ ಗೋಪುರಗಳನ್ನೆಲ್ಲಾ ಸಾಲಾಗಿ ತೆಗೆದಿಟ್ಟ ಬೆಖರ್ ದಂಪತಿ. ಉರ್ಸುಲಾ ಅವರೂ ಇವರೆಲ್ಲರ ಊರಾದ ಡ್ಯೂಸೆಲ್‌ಡಾರ್ಫಲ್ಲೇ ಇರೋದು, ಆದ್ರೆ ದಾರಿ ಬೇರೆ. 1938ರಲ್ಲಿ ಬರ್ಲಿನ್ನಿನಲ್ಲಿ ಹುಟ್ಟಿದವ್ರು, ಅಂದ್ರೆ ಮಾತು ಕಲಿಯೋ ವಯಸ್ಸಿಗೇ ಯುದ್ಧ ನೋಡಿದವ್ರು. ಆಮೇಲೆ ಬದುಕಿಡೀ ಅರ್ಮೇನಿಯಾ, ಇರಾಕ್, ಸಿರಿಯಾ, ಸೌದಿ, ಕಜಾಕ್‌ಸ್ತಾನ ಅಂತ ಗಡಿಗಳಲ್ಲೇ ಸುತ್ತಿದ್ದಾರೆ, ಒಂದು ರಾಜ್ಯ ಬಿದ್ದು ಇನ್ನೊಂದು ಎದ್ದ ಜಾಗಗಳು, ಜನ ಬಿಟ್ಟು ಹೋದ ಜಾಗಗಳು. ಹೆಚ್ಚುಕಮ್ಮಿ ಎಲ್ಲಾನೂ ಬ್ಲ್ಯಾಕ್ ಅಂಡ್ ವೈಟ್.

ಪುಸ್ತಕ ಕೊಂಡಿದ್ದಕ್ಕೆ ಕಾರಣ ಆದದ್ದು ಅರ್ಮೇನಿಯಾದ ಬಸ್ ಸ್ಟಾಪುಗಳು. ಅಂಗಡೀಲಿ ನಿಂತ್ಕೊಂಡೇ ತೆರೆದೆ, ಆ ಪುಟಾನೇ ಬಂತು. 1997ರಿಂದ ಸುಮಾರು ಹದಿನಾಲ್ಕು ವರ್ಷ ಆಗಾಗ ಹೋಗಿ ತೆಗೆದ ಫೋಟೋಗಳು. ಸೋವಿಯತ್ ಕಾಲದಲ್ಲಿ ಕಟ್ಟಿದ ಸ್ಟಾಪುಗಳು, ಅದೂ ಎಂಥೆಂಥಾ ಆಕಾರ ಮಾರಾಯ್ರೆ, ಕಾಂಕ್ರೀಟಿನಲ್ಲಿ ರೆಕ್ಕೆ ಬಿಚ್ಚಿದ ಹಾಗೆ, ಛತ್ರಿ ಅಗಲಿಸಿದ ಹಾಗೆ, ಕೆಲವಕ್ಕೆ ಕಬ್ಬಿಣದ ಅಸ್ಥಿಪಂಜರ ಮಾತ್ರ ಉಳಿದಿದೆ, ಮೇಲೆ ಸೂರೇ ಇಲ್ಲ. ಸುತ್ತ ಊರಿಲ್ಲ, ಅಂಗಡಿಯಿಲ್ಲ, ಖಾಲಿ ನೆಲ. ಆ ಖಾಲಿ ನೆಲದ ಮಧ್ಯೆ ಒಬ್ಬ ಹೆಂಗಸು, ನೀಟಾಗಿ ಬಟ್ಟೆ ಹಾಕ್ಕೊಂಡು, ಬಸ್ ಬಂದೇ ಬರುತ್ತೆ ಅನ್ನೋ ಹಾಗೆ ನಿಂತಿದ್ದಾಳೆ. ಕಟ್ಟಿಸಿದ ಸರಕಾರ 1991ಕ್ಕೇ ಹೋಯ್ತು, ಕಾಯೋದು ಇನ್ನೂ ನಡೀತಿದೆ. ಫೋಟೋಗಳ ಹೆಸರೂ ಯೆರೆವಾನ್–ಪರಾಕಾರ್, ಯೆರೆವಾನ್–ಗ್ಯುಮ್ರಿ ಅಂತ ಬರೀ ರೂಟು, ನಮ್ಮಲ್ಲಿ ಕಾರ್ಕಳ–ಉಡುಪಿ ಅಂತ ಬೋರ್ಡ್ ಹಾಕಿರ್ತಾರಲ್ಲ ಹಾಗೇನೇ.

ನಂಗೆ ಅಲ್ಲಿ ಕಂಡಿದ್ದು ನಮ್ಮ ಅಜ್ಜಿ. ಬೆಳ್ಮಣ್ ಹತ್ರ ಕ್ರಾಸಿನಲ್ಲಿ, ಬೊಂಬಾಯಿಯಿಂದ ಮಕ್ಕಳು ಬರ್ತಾರೆ ಅಂತ ಇಸ್ತ್ರಿ ಸೀರೆ ಉಟ್ಕೊಂಡು, ಬಸ್ ಎಷ್ಟೊತ್ತಿಗೆ ಅಂತ ಗೊತ್ತಿಲ್ದೇ ಬೆಳಿಗ್ಗೆಯಿಂದ ನಿಂತಿರ್ತಿದ್ದ ಅಜ್ಜಿ. ಆ ಕ್ರಾಸಿಗೆ ಸೂರೂ ಇರ್ಲಿಲ್ಲ.

ಉರ್ಸುಲಾ ಫೋಟೋ ತೆಗೆಯೋ ರೀತಿ ಬಗ್ಗೆ ಒಂದು ಮಾತು. ಕಷ್ಟ ತೋರ್ಸಬೇಕು, ಕಣ್ಣೀರು ತರಿಸಬೇಕು ಅನ್ನೋ ಆತುರ ಎಲ್ಲೂ ಇಲ್ಲ. ಹತ್ರ ಹೋಗಿ ಮುಖಕ್ಕೆ ಹಿಡಿಯೋದಿಲ್ಲ, ದೂರದಿಂದ ನೇರಕ್ಕೆ, ಆಕಾಶಕ್ಕೂ ನೆಲಕ್ಕೂ ಬೇಕಾದಷ್ಟು ಜಾಗ ಬಿಟ್ಟು. ಮನುಷ್ಯ ಚಿಕ್ಕವನಾಗಿ ಕಾಣ್ತಾನೆ, ಆದ್ರೂ ಕಣ್ಣು ಹೋಗೋದು ಅಲ್ಲಿಗೇ. ನಾನು ಹತ್ತು ವರ್ಷದಿಂದ ಫೋಟೋ ತೆಗೀತಿದ್ದೀನಿ, ದಾದರ್ ಹೂವಿನ ಮಾರ್ಕೆಟ್ಟು, ಸಾಸೂನ್ ಡಾಕ್, ಎಲ್ಲಾ ಕಡೆ ಮುಖಕ್ಕೆ ಮುಖ ಕೊಟ್ಟೇ ತೆಗೆದಿದ್ದು. ಇಷ್ಟು ದೂರ ನಿಂತೂ ಒಬ್ಬರಿಗೆ ಇಷ್ಟು ಮರ್ಯಾದೆ ಕೊಡಬಹುದು ಅಂತ ಈ ಪುಸ್ತಕ ನೋಡಿ ತಿಳೀತು.

ಇನ್ನೊಂದು ಸರಣಿ ಹಿಜಾಜ್ ರೈಲ್ವೇದು, ಸೌದಿಯಲ್ಲಿ ಮದೀನಾದಿಂದ ಜೋರ್ಡಾನ್ ಗಡಿವರೆಗೆ 2002–03ರಲ್ಲಿ ತೆಗೆದಿದ್ದು. ಇದರ ಕತೆ ಗೊತ್ತಿದ್ರೆ ಫೋಟೋ ಬೇರೇನೇ ಕಾಣುತ್ತೆ, ಅದಕ್ಕೆ ಹೇಳ್ತೀನಿ. ತುರ್ಕಿಯ ಆಟೋಮನ್ ಸುಲ್ತಾನ ಎರಡನೇ ಅಬ್ದುಲ್ ಹಮೀದ್ 1900ರಲ್ಲಿ ಡಮಾಸ್ಕಸ್‌ನಿಂದ ಮದೀನಾಕ್ಕೆ ರೈಲು ಹಾಕ್ಸೋಕೆ ಶುರು ಮಾಡ್ದ, ಹಜ್‌ಗೆ ಹೋಗೋರು ಒಂಟೆ ಮೇಲೆ ವಾರಗಟ್ಟಲೆ ಹೋಗೋದು ತಪ್ಪಲಿ ಅಂತ, ಜೊತೆಗೆ ಸೈನ್ಯ ಸಾಗಿಸೋಕೂ ಆಗುತ್ತೆ ಅಂತ. ಮುಖ್ಯ ಎಂಜಿನಿಯರ್ ಜರ್ಮನಿಯ ಮೈಸ್ನರ್. ದುಡ್ಡು ದೇಶದೇಶದ ಮುಸ್ಲಿಮರು ಕೊಟ್ಟ ಚಂದಾ, ಹಿಂದೂಸ್ತಾನದಿಂದಲೂ ಹೋಗಿತ್ತು. ಸುಮಾರು 1300 ಕಿಲೋಮೀಟರು, 1908ಕ್ಕೆ ಮದೀನಾ ಮುಟ್ಟಿತು, ಎಂಟೇ ವರ್ಷಕ್ಕೆ ಸುಲ್ತಾನರ ಆಳ್ವಿಕೆ ವಿರುದ್ಧ ಅರಬ್ಬರ ದಂಗೆ, ಹಳಿಗೆ ಡೈನಮೈಟು. ಈಗ ಫೋಟೋದಲ್ಲಿರೋದು ಕಲ್ಲಿನ ಸ್ಟೇಷನ್ ಕಟ್ಟಡಗಳು, ಬಾಗಿಲು ಕಿಟಕಿ ಇಲ್ಲ, ಮರಳಲ್ಲಿ ಒಂಟಿಯಾಗಿ. ನಾನು ಮತ್ಸ್ಯಗಂಧ ರೈಲಲ್ಲಿ ಊರಿಗೆ ಹೋಗುವಾಗ ರಾತ್ರಿ ಎಚ್ಚರ ಆದ್ರೆ ಕೊಂಕಣ ರೈಲ್ವೇಯ ಸಣ್ಣ ಸ್ಟೇಷನ್ನುಗಳನ್ನ ನೋಡ್ತಾ ಕೂತಿರ್ತೀನಿ, ಒಂದು ಲೈಟು, ಒಂದು ಬೆಂಚು, ಯಾರೂ ಇಲ್ಲ. 1998ಕ್ಕೆ ಮುಂಚೆ ಈ ದಾರಿಯೇ ಇರ್ಲಿಲ್ಲ, ಅಪ್ಪನ ಕಾಲದವರಿಗೆ ಬಸ್ಸೇ ಗತಿ. ಜನ ಕಾದೂ ಕಾದೂ ಬಂದ ರೈಲು ಎಂಟು ವರ್ಷಕ್ಕೇ ಮುರಿದು ಬಿದ್ರೆ ಹೇಗಿರಬಹುದು ಅಂತ ಆ ಸ್ಟೇಷನ್ ಫೋಟೋ ನೋಡ್ತಾ ತುಂಬಾ ಹೊತ್ತು ಕೂತಿದ್ದೆ.

ಕಜಾಕ್‌ಸ್ತಾನದ ಫೋಟೋಗಳು 2012ರವು. ಸೆಮಿಪಲಾಟಿನ್ಸ್ಕ್, ಸೋವಿಯತ್ ಅಣುಬಾಂಬು ಪರೀಕ್ಷೆ ಮಾಡ್ತಿದ್ದ ಬಯಲು. ಮೊದಲನೇದು 1949ರ ಆಗಸ್ಟ್ 29ಕ್ಕೆ, ನಲವತ್ತು ವರ್ಷದಲ್ಲಿ ಒಟ್ಟು 456, ಅಲ್ಲೇ ಹತ್ತಿರದ ಹಳ್ಳಿಗಳಲ್ಲಿ ಜನ ಇದ್ದಾಗಲೇ. ಫೋಟೋದಲ್ಲಿ ಬಾಂಬೂ ಇಲ್ಲ, ಜನಾನೂ ಇಲ್ಲ, ಸ್ಫೋಟದ ಅಳತೆಗೆ ಉಪಕರಣ ಇಡೋಕೆ ಕಟ್ಟಿದ ಕಾಂಕ್ರೀಟ್ ಗೋಪುರಗಳು ಮಾತ್ರ, ಬಯಲಲ್ಲಿ ಒಂದೊಂದೇ ನಿಂತಿವೆ. ನಂಗೆ ನಮ್ಮ ಕಡೆ ಗದ್ದೆ ಬದಿಯಲ್ಲಿ ನಿಂತಿರೋ ವೀರಗಲ್ಲು ಜ್ಞಾಪಕಕ್ಕೆ ಬಂತು. ವೀರಗಲ್ಲಿಗಾದ್ರೆ ಸತ್ತವನ ಹೆಸರಿರುತ್ತೆ, ಕೆತ್ತನೆ ಇರುತ್ತೆ, ಯಾರಾದ್ರೂ ಹೂವಿಡ್ತಾರೆ.

ಸ್ಪೇನಿನ ಹಳೇ ಗುಡಿಯಂಥ ಚಾಪೆಲ್ಲುಗಳ ಒಳಗೆ ಸೂರ್ಯನ ಬೆಳಕು ಸಂದಿಯಿಂದ ಬಂದು ಗೋಡೆ ಮೇಲೆ ಸರಿಯೋದನ್ನ ತೆಗೆದಿರೋ ಸರಣಿಯೂ ಇದೆ, ಸಂಕ್ರಾಂತಿಗೆ ಬೆಂಗಳೂರಿನ ಗವಿ ಗಂಗಾಧರೇಶ್ವರದಲ್ಲಿ ಕಾದು ನಿಂತವರಿಗೆ ಅದು ಅರ್ಥ ಆಗುತ್ತೆ. ಜಾರ್ಜಿಯಾ–ಅಜರ್‌ಬೈಜಾನ್ ಗಡಿಯ ಗುಹೆ ಮಠಗಳದ್ದು ನಂಗೆ ಅಷ್ಟು ಹಿಡಿಸ್ಲಿಲ್ಲ, ಒಂದೇ ಥರ ಅನ್ಸುತ್ತೆ.

ಈಗ ನಂಗೆ ತುಂಬಾ ತಾಗಿದ್ದು. 1980ರಲ್ಲಿ ಇರಾಕಿನ ದಕ್ಷಿಣದ ಜೌಗು ಪ್ರದೇಶಕ್ಕೆ ಹೋಗಿದ್ರು ಇವ್ರು, ಜೊಂಡಿನಲ್ಲೇ ಮನೆ ಕಟ್ಕೊಂಡು ನೀರ ಮೇಲೆ ಬದುಕೋ ಜನ, ಸಾವಿರಾರು ವರ್ಷದ ಬಾಳು. ಅದೇ ವರ್ಷ ಇರಾನ್ ಜೊತೆ ಯುದ್ಧ ಶುರು ಆಯ್ತು, 1991ರಲ್ಲಿ ಸದ್ದಾಂ ವಿರುದ್ಧ ದಂಗೆ ಆದ್ಮೇಲೆ ಅವನ ಸರಕಾರ ಒಡ್ಡು ಕಟ್ಟಿ, ಕಾಲುವೆ ತೋಡಿ ಆ ನೀರನ್ನೇ ಬತ್ತಿಸಿಬಿಟ್ಟಿತು. ಜನ ಚದುರಿ ಹೋದ್ರು. 2003ರಲ್ಲಿ ಸದ್ದಾಂ ಸರಕಾರ ಬಿದ್ಮೇಲೆ ಊರವರೇ ಒಡ್ಡು ಒಡೆದು ಸ್ವಲ್ಪ ನೀರು ವಾಪಸ್ ತಂದ್ರು, ಆದ್ರೆ ಮೊದಲಿನ ಹಾಗೆ ಆಗ್ಲಿಲ್ಲ. ಸಿರಿಯಾದ ಪುರಾತನ ನಗರ ಪಾಲ್ಮೈರಾನೂ ಹಾಗೇ, 2005 ಮತ್ತೆ 2010ರಲ್ಲಿ ತೆಗೆದಿದ್ದಾರೆ, 2015ರಲ್ಲಿ ಐಸಿಸ್‌ನವರು ಅಲ್ಲಿನ ದೇವಸ್ಥಾನ, ಸಮಾಧಿ ಗೋಪುರಗಳನ್ನ ಉಡಾಯಿಸಿದ್ರು, ಅಲ್ಲಿ ನಲವತ್ತು ವರ್ಷ ಪುರಾತತ್ವ ನೋಡ್ಕೊಂಡಿದ್ದ ಖಾಲಿದ್ ಅಲ್-ಅಸಾದ್ ಅವರನ್ನ ಕೊಂದ್ರು. ಉರ್ಸುಲಾ ತೆಗೆಯುವಾಗ ಇದೆಲ್ಲಾ ಹೋಗುತ್ತೆ ಅಂತ ಗೊತ್ತಿರ್ಲಿಲ್ಲ. ಸುಮ್ನೆ ಹೋಗಿ, ನಿಂತು, ಸರಿಯಾಗಿ ನೋಡಿ ತೆಗೆದ್ರು, ಅಷ್ಟೇ.

ನಮ್ಮಪ್ಪ 1966ರಲ್ಲಿ ಹದಿನಾಲ್ಕನೇ ವಯಸ್ಸಿಗೆ ಬೊಂಬಾಯಿಗೆ ಬಂದವ್ರು. ಟೇಬಲ್ ಒರೆಸೋ ಹುಡುಗನಾಗಿ ಸೇರಿ, ಫೋರ್ಟಿನಲ್ಲಿ ಕನ್ನಡ ರಾತ್ರಿ ಶಾಲೆಗೆ ಹೋಗಿ ಮೆಟ್ರಿಕ್ ಮಾಡಿ, ಆಮೇಲೆ ಬೊಂಬಾಯಿಯದೇ ಲಾಲ್‌ಬಾಗಿನಲ್ಲಿ ಒಂದು ಹೋಟೆಲಿನ ಗಲ್ಲಾದಲ್ಲಿ ಕೂತವ್ರು. ಗಿರಾಕಿ ಎಲ್ಲಾ ಬಟ್ಟೆ ಮಿಲ್ ಕೆಲಸಗಾರರು, ಬೆಳಿಗ್ಗೆ ಪಾಳಿ ಬಿಡೋ ಹೊತ್ತಿಗೆ ನಿಲ್ಲೋಕೂ ಜಾಗ ಇರ್ತಿರ್ಲಿಲ್ಲವಂತೆ. 1982ರ ಜನವರಿಯಲ್ಲಿ ಕಾರ್ಮಿಕ ನಾಯಕ ದತ್ತಾ ಸಾಮಂತರ ಮುಷ್ಕರ ಶುರುವಾಯ್ತು, ಎರಡೂವರೆ ಲಕ್ಷ ಜನ ಕೆಲಸ ಬಿಟ್ಟು ಕೂತ್ರು, ಮಿಲ್ಲುಗಳು ಮತ್ತೆ ಮೊದಲಿನ ಹಾಗೆ ಎದ್ದೇಳ್ಲಿಲ್ಲ. ಉದ್ರಿ ಖಾತೆ ಬೆಳೀತಾ ಹೋಯ್ತು, ಅಪ್ಪ ಯಾರನ್ನೂ ಕೇಳೋಕೆ ಹೋಗ್ಲಿಲ್ಲ, 1984ಕ್ಕೆ ಹೋಟೆಲು ಮುಚ್ಚಿತು. ಈಗ ಆ ಜಾಗದಲ್ಲಿ ಟವರ್ ಇದೆ. ಲೋವರ್ ಪರೇಲಿನಲ್ಲಿ ಮಾಲ್ ಒಳಗೆ ಹಳೇ ಮಿಲ್ಲಿನ ಚಿಮಣಿಯನ್ನಾದ್ರೂ ಉಳಿಸಿದ್ದಾರೆ, ಅಪ್ಪನ ಹೋಟೆಲಿಂದು ಒಂದು ಇಟ್ಟಿಗೆನೂ ಇಲ್ಲ, ಒಂದು ಫೋಟೋನೂ ಇಲ್ಲ. ಮದುವೆ ಆಲ್ಬಂ ಇದೆ, ಧರ್ಮಸ್ಥಳದ ಫೋಟೋ ಇದೆ, ಹದಿನೈದು ವರ್ಷ ದಿನಾ ಹದಿನಾರು ಗಂಟೆ ಇದ್ದ ಜಾಗದ್ದು ಯಾರೂ ತೆಗೆದಿಲ್ಲ.

ಪುಸ್ತಕ ಡೊಂಬಿವಲಿಯ ಮನೆಗೆ ತಂದ ರಾತ್ರಿ ಅಪ್ಪನಿಗೆ ತೋರ್ಸಿದೆ. ಕನ್ನಡಕ ಹಾಕ್ಕೊಂಡು ಒಂದೊಂದೇ ಪುಟ ತಿರುಗಿಸಿದ್ರು, ಪಾಲ್ಮೈರಾ ಬೇಗ ದಾಟಿದ್ರು, ಅರ್ಮೇನಿಯಾದ ಒಬ್ಬ ಹೆಂಗಸಿನ ಮೇಲೆ ಬೆರಳಿಟ್ಟು "ಇದು ಯಾವ ಊರು?" ಅಂದ್ರು. ಹೇಳ್ದೆ. "ಬಸ್ ಬಂತಾ ಇವಳಿಗೆ?" ಅಂತ ಕೇಳಿದ್ರು. ಬಂದಿರುತ್ತೆ ಅಪ್ಪ ಅಂದೆ. ಆಮೇಲೆ ಗಲ್ಲಾ ಎಲ್ಲಿತ್ತು, ಭಟ್ಟರು ಎಲ್ಲಿ ನಿಲ್ತಿದ್ರು, ಮಿಲ್ ಗೇಟು ಎಷ್ಟು ಹೆಜ್ಜೆ ಅಂತ ಕರೆಂಟ್ ಬಿಲ್ಲಿನ ಹಿಂದೆ ಗೆರೆ ಎಳೆದು ತೋರ್ಸಿದ್ರು. ಆ ಕಾಗದ ಈಗ ಪುಸ್ತಕದೊಳಗೇ ಇಟ್ಟಿದ್ದೀನಿ.

ಕೊಳ್ಳೋರಿಗೆ ಒಂದೆರಡು ಮಾತು. ಇದು ಇಂಗ್ಲಿಷ್ ಪುಸ್ತಕ, ಆದ್ರೆ ಓದೋಕಿಂತ ನೋಡೋದೇ ಜಾಸ್ತಿ. ಫೋಟೋ ಹಿಂದಿನ ಚರಿತ್ರೆ ನೀವೇ ಪಕ್ಕಕ್ಕೆ ಹುಡುಕ್ಕೊಂಡು ಓದ್ಬೇಕು, ಇಲ್ಲಾಂದ್ರೆ ಹಿಜಾಜಿನ ಸ್ಟೇಷನ್ನುಗಳು ಯಾವುದೋ ಹಾಳು ಮನೆ ಅನ್ಸಿ ಪುಟ ತಿರುಗಿಬಿಡುತ್ತೆ, ಅದೊಂದು ಕೊರತೆ ಅಂತಲೇ ನಂಗನ್ಸೋದು. ಒಂದೇ ಸಲಕ್ಕೆ ಪೂರ್ತಿ ನೋಡ್ಬೇಡಿ, ದಿನಕ್ಕೊಂದು ಸರಣಿ ಸಾಕು. ಮುಂಬಯಿ ಮಳೆಗೆ ಇಂಥ ಪುಸ್ತಕ ಹೊರಗಿನ ಶೆಲ್ಫಲ್ಲಿ ಇಟ್ರೆ ಹಾಳೆ ಸುಕ್ಕಾಗಿ ಬೂಸ್ಟು ಹಿಡಿಯುತ್ತೆ, ಬೀರುವಿನಲ್ಲಿ ಸಿಲಿಕಾ ಜೆಲ್ ಪೊಟ್ಟಣ ಹಾಕಿಡಿ, ವಾರಕ್ಕೊಮ್ಮೆ ಫ್ಯಾನ್ ಗಾಳಿಗೆ ಹಿಡೀರಿ. ಲೋಕಲ್ ಟ್ರೈನಲ್ಲಿ ತರೋದಾದ್ರೆ ಎರಡು ಪ್ಲಾಸ್ಟಿಕ್ ಕವರ್ ಒಯ್ಯಿರಿ. ಐದರಲ್ಲಿ ನಾಲ್ಕೂವರೆ ಕೊಡ್ತೀನಿ.

ಅಂಗಡಿ ಕಾಕಾ ಒಳ್ಳೆಯವ್ರು, ಮರಾಠಿಯಲ್ಲಿ ಮಾತಾಡಿದ್ರೆ ರೇಟೂ ಇಳಿಯುತ್ತೆ, ಕೊಳ್ಳದೇ ಅರ್ಧ ಗಂಟೆ ನಿಂತು ನೋಡಿದ್ರೂ ಏನೂ ಅನ್ನಲ್ಲ, ಕೂರೋಕೆ ಸ್ಟೂಲ್ ಕೊಟ್ರು. ಭಾನುವಾರ ರಜೆ. ಹಳೇ ಲಾಲ್‌ಬಾಗ್, ಪರೇಲಿನ ಫೋಟೋ ಏನಾದ್ರೂ ರದ್ದಿಯಲ್ಲಿ ಬಂದ್ರೆ, ಹೋಟೆಲಿಂದೇ ಆಗ್ಬೇಕಂತಿಲ್ಲ, ಆ ರಸ್ತೇದು ಆದ್ರೂ ಸಾಕು, ಒಂದು ಫೋನ್ ಮಾಡಿ ಅಂತ ನನ್ನ ನಂಬರ್ ಬರೆಸಿಟ್ಟು ಬಂದಿದ್ದೀನಿ.