ಕ್ರಾನ್: ಐದು ಗುರುತಿಗೆ ಹೊತ್ತು ಮಣಿಯುತ್ತದೆ, ಎರಡನೇ ಶನಿವಾರ ಮಾತ್ರ ಮಣಿಯುವುದಿಲ್ಲ

ಹೇಳಿದ ಹೊತ್ತಿಗೆ ಕೆಲಸವನ್ನು ತಾನೇ ಮಾಡಿಸುವ ಪ್ರೋಗ್ರಾಮು ಕ್ರಾನ್. ಲಿನಕ್ಸ್ ಹಾಕಿದ ಬಹುತೇಕ ಕಂಪ್ಯೂಟರುಗಳಲ್ಲಿ ಇದ್ದೇ ಇರುತ್ತದೆ, ತೆರೆದು ನೋಡಿದವರು ಕಡಿಮೆ. ಲಿನಕ್ಸಿಗೆ ಮಾದರಿಯಾದ ಯುನಿಕ್ಸಿನಲ್ಲಿ 1970ರ ದಶಕದಲ್ಲೇ ಬಂದದ್ದು. ಇಂದು ಹೆಚ್ಚು ಕಡೆ ಓಡುವುದು 1987ರಲ್ಲಿ ಪಾಲ್ ವಿಕ್ಸಿ ಬರೆದ ಆವೃತ್ತಿ, ಇಲ್ಲವೇ ಅದರ ಸಂತತಿ. ಹಾಕಿಕೊಳ್ಳುವ ವಿಧಾನ ಎಲ್ಲೆಡೆ ಸಿಗುತ್ತದೆ, ಅದನ್ನು ಬಿಡುತ್ತೇನೆ. ನಮ್ಮ ಜೆರಾಕ್ಸ್ ಅಂಗಡಿಯಲ್ಲೂ ಮನೆಯಲ್ಲೂ ಇದನ್ನು ವರ್ಷಗಟ್ಟಲೆ ಬಳಸಿದ್ದೇನೆ. ಇದು ಆ ಅನುಭವದ ಮಾತು.

ಮನೆಯ ಮೊದಲ ಸಾಲು ಇದು: 0 6 * * *

ಎಡದಿಂದ ನಿಮಿಷ, ಗಂಟೆ, ತಾರೀಕು, ತಿಂಗಳು, ವಾರ. ನಕ್ಷತ್ರ ಹಾಕಿದರೆ ಯಾವುದಾದರೂ ಸರಿ ಎಂದರ್ಥ. ಮುಂದೆ ಆಗಬೇಕಾದ ಕೆಲಸ ಬರೆದರೆ ಮುಗಿಯಿತು. ತಗಡಿನ ಮೇಲೆ ಬೀಜಾಕ್ಷರ ಬರೆದು ಕಟ್ಟಿದ ಯಂತ್ರದ ಹಾಗೆ, ಬರೆದಿಟ್ಟದ್ದು ತನ್ನ ಪಾಡಿಗೆ ಫಲ ಕೊಡುತ್ತಿರುತ್ತದೆ. ಅಮ್ಮನ ಥೈರಾಯ್ಡ್ ಮಾತ್ರೆ ಖಾಲಿ ಹೊಟ್ಟೆಗೆ ಆಗಬೇಕು. ಆರು ಗಂಟೆಗೆ ಹಳೆಯ ಲ್ಯಾಪ್‌ಟಾಪಿನಿಂದ ಮಗಳ ದನಿ ಬರುತ್ತದೆ: "ಅಜ್ಜೀ, ಮಾತ್ರೆ!" ಅರ್ಧ ಗಂಟೆ ಕಳೆದ ಮೇಲೆ ಇನ್ನೊಂದು ಸಾಲು, 30 6 * * *: "ಅಜ್ಜೀ, ಇನ್ನು ಕಾಫಿ ಕುಡಿ." ಮಗಳಿಗೆ ಐದು ವರ್ಷವಿದ್ದಾಗ ಫೋನಿನಲ್ಲಿ ಹಿಡಿದಿಟ್ಟ ದನಿ. ಅವಳೀಗ ಹೈಸ್ಕೂಲು. ದನಿ ಬದಲಿಸೋಣವೇ ಎಂದರೆ ಅಮ್ಮ ಒಪ್ಪುವುದಿಲ್ಲ. ಎರಡನೇ ಕೂಗು ಕೇಳುವ ತನಕ ಡಿಕಾಕ್ಷನ್ ಪಾತ್ರೆ ಮುಟ್ಟುವುದೂ ಇಲ್ಲ.

ಸ್ಮಾರ್ಟ್ ಸ್ಪೀಕರಿಗೆ ಸಾವಿರಾರು ರೂಪಾಯಿ ಕೊಡುವ ಮನಸ್ಸು ನನಗಿರಲಿಲ್ಲ. ಕೀಲಿ ಹೋದ ಲ್ಯಾಪ್‌ಟಾಪ್ ಮೂಲೆಯಲ್ಲಿ ಬಿದ್ದಿತ್ತು, ಕ್ರಾನ್‌ಗೆ ದುಡ್ಡಿಲ್ಲ. ಈ ಲೆಕ್ಕ ನನ್ನ ತೀರ್ಪಿನಲ್ಲಿ ಸೇರಿಕೊಂಡಿದೆ ಎಂದು ಓದುವವರಿಗೆ ತಿಳಿದಿರಲಿ.

ಇನ್ನು ಸಿಟ್ಟಿನ ವಿಷಯ. ಬ್ಯಾಂಕುಗಳಿಗೆ ಎರಡನೇ ಮತ್ತು ನಾಲ್ಕನೇ ಶನಿವಾರ ರಜೆ. 2015ರ ಸೆಪ್ಟೆಂಬರಿನಿಂದ ಹೀಗೆಯೇ ನಡೆದಿದೆ. ಹಿಂದಿನ ದಿನ ಮಧ್ಯಾಹ್ನವೇ ಅಂಗಡಿಯ ದುಡ್ಡು ಕಟ್ಟಿ ಬರದಿದ್ದರೆ ಸೋಮವಾರದವರೆಗೆ ಗಲ್ಲಾಪೆಟ್ಟಿಗೆಯಲ್ಲೇ ಇರಬೇಕು. ಆ ಎರಡು ಶುಕ್ರವಾರಗಳು ಬೀಳುವುದು 7ರಿಂದ 13ರೊಳಗೆ, 21ರಿಂದ 27ರೊಳಗೆ. ಶುಕ್ರವಾರದ ಸಂಖ್ಯೆ 5. ಹಾಗಾಗಿ ಯಾರೇ ಆದರೂ ಬರೆಯುವುದು ಹೀಗೆ: 0 14 7-13,21-27 * 5

ಗಂಟೆ ಬಾರಿಸಿದ್ದು ಸೋಮವಾರ. ಮಂಗಳವಾರವೂ ಬಾರಿಸಿತು, ಬುಧವಾರವೂ. ಸಾಮಾನ್ಯವಾಗಿ ಐದೂ ಜಾಗಗಳಲ್ಲಿ ಬರೆದದ್ದೆಲ್ಲ ಒಟ್ಟಿಗೆ ಕೂಡಿಬಂದರೆ ಮಾತ್ರ ಕ್ರಾನ್ ಏಳುತ್ತದೆ, ಆದರೆ ತಾರೀಕು ಮತ್ತು ವಾರ ಎರಡನ್ನೂ ತುಂಬಿದರೆ ಎರಡರಲ್ಲಿ ಒಂದು ಕೂಡಿದರೂ ಸಾಕು. ಅಂದರೆ ಆ ಹದಿನಾಲ್ಕು ತಾರೀಕುಗಳ ಜೊತೆಗೆ ತಿಂಗಳ ಮಿಕ್ಕ ಶುಕ್ರವಾರಗಳೂ ಸೇರಿದವು. ತಿಂಗಳಲ್ಲಿ ಅರ್ಧಕ್ಕಿಂತ ಹೆಚ್ಚು ದಿನ 'ನಾಳೆ ಬ್ಯಾಂಕ್ ಇಲ್ಲ' ಎಂದು ಕೂಗುವ ಎಚ್ಚರಿಕೆಯನ್ನು ಯಾರು ನಂಬುತ್ತಾರೆ? ಇದು ದೋಷವೆಂದು ದೂರು ಕೊಡಲೂ ಬರುವುದಿಲ್ಲ, ಯುನಿಕ್ಸ್ ಬಗೆಯ ವ್ಯವಸ್ಥೆಗಳಿಗೆಲ್ಲ ಇರುವ ಪಾಸಿಕ್ಸ್ ಮಾನದಂಡದಲ್ಲಿ ನಿಯಮವೇ ಹೀಗಿದೆ. ಐದು ಜಾಗದ ಭಾಷೆಯಲ್ಲಿ ಎರಡು ಜಾಗಕ್ಕೆ ಮಾತ್ರ ಬೇರೆ ವ್ಯಾಕರಣ ಏಕೆ ಎಂಬುದು ನನಗೆ ಇಂದಿಗೂ ಒಪ್ಪಿಗೆಯಾಗಿಲ್ಲ.

ದಾರಿ ಇದೆ. ವಾರದ ಜಾಗದಲ್ಲಿ ನಕ್ಷತ್ರ ಹಾಕಿ, ಆಜ್ಞೆಯ ಮೊದಲಿಗೆ 'ಇವತ್ತು ಶುಕ್ರವಾರವೇ?' ಎಂದು ಡೇಟ್ ಕಮಾಂಡಿನಿಂದ ಪರೀಕ್ಷಿಸಿಕೊಳ್ಳಬೇಕು. ಅಲ್ಲೂ ಒಂದು ಮುಳ್ಳು: ಆ ಕಮಾಂಡಿಗೆ % ಚಿಹ್ನೆ ಬೇಕು, ಕ್ರಾನ್ ಪಟ್ಟಿಯಲ್ಲಿ ಅದು ಬಂದರೆ ಸಾಲು ಅಲ್ಲಿಗೇ ಮುರಿಯುತ್ತದೆ, ಅದಕ್ಕೂ ಮೊದಲು \ ಹಾಕಲೇಬೇಕು. ಲಿನಕ್ಸಿನಲ್ಲಿ ಇದೇ ಕೆಲಸ ಮಾಡುವ ಇನ್ನೊಂದು ಸಾಧನ, ಸಿಸ್ಟಮ್‌ಡಿ ಟೈಮರಿನಲ್ಲಿ ಈ ರಗಳೆ ಇಲ್ಲ, ತಾರೀಕು-ವಾರ ಎರಡೂ ಕೂಡಿದರೆ ಮಾತ್ರ ಅದು ಏಳುತ್ತದೆ. ಕರೆಂಟ್ ಹೋಗಿ ತಪ್ಪಿದ ಕೆಲಸವನ್ನು ಆಮೇಲೆ ಮಾಡಿಸುವ ಅನುಕೂಲವೂ ಅದರಲ್ಲಿದೆ. ಕ್ರಾನ್ ತಪ್ಪಿದ ಹೊತ್ತನ್ನು ಮರೆತೇಬಿಡುತ್ತದೆ. ಆದರೆ ಟೈಮರಿಗೆ ಒಂದೊಂದು ಕೆಲಸಕ್ಕೂ ಸಾಮಾನ್ಯವಾಗಿ ಎರಡು ಫೈಲು ಬರೆಯಬೇಕು. ಬ್ಯಾಂಕಿನ ಕೆಲಸವನ್ನು ಅಲ್ಲಿಗೆ ಸಾಗಿಸಿದೆ, ಮಿಕ್ಕದ್ದನ್ನು ಕದಲಿಸಲು ಮನಸ್ಸಾಗಲಿಲ್ಲ.

ಮನಸ್ಸಾಗದಿರಲು ಮುಖ್ಯ ಕಾರಣ ಏಕಾದಶಿ. ಚಂದ್ರನ ಲೆಕ್ಕ ಈ ಐದು ಗುರುತಿಗೆ ಬಗ್ಗುವುದಿಲ್ಲ, ತಿಥಿಯನ್ನು ಬರೆಯಲು ಜಾಗವೇ ಇಲ್ಲ. ಹಾಗಾಗಿ ಯುಗಾದಿ ಕಳೆದ ವಾರದಲ್ಲಿ ಅಮ್ಮ ಕನ್ನಡಕ ಹಾಕಿಕೊಂಡು ಹೊಸ ಪಂಚಾಂಗ ಹಿಡಿದು ಕೂರುತ್ತಾಳೆ. ಅವಳು ತಾರೀಕು ಓದಿದಂತೆ ನಾನು ಹಿಂದಿನ ಸಂಜೆಗೊಂದು ಸಾಲು ಬರೆಯುತ್ತೇನೆ. ಸ್ಮಾರ್ತರಿಗೆ ಒಂದು ದಿನ, ವೈಷ್ಣವರಿಗೆ ಮರುದಿನ ಎಂದಿದ್ದಲ್ಲಿ ತಡೆದು, "ನಮ್ಮದು ಮೊದಲನೆಯದು, ಬರ್ಕೊ" ಎನ್ನುತ್ತಾಳೆ. ಈ ಭಾಷೆಯಲ್ಲಿ ಇಸವಿಗೆ ಜಾಗವಿಲ್ಲ, ಹೋದ ವರ್ಷದ ಸಾಲು ಅಳಿಸದಿದ್ದರೆ ಈ ವರ್ಷ ದಶಮಿಯಲ್ಲದ ದಿನ ಕೂಗುತ್ತದೆ. ಬೇರೆಯವರಿಗೆ ಇದು ಕೊರತೆಯೇ. ನಮ್ಮ ಮನೆಯಲ್ಲಿ ಅದರಿಂದಾಗಿ ಅಮ್ಮನೂ ನಾನೂ ವರ್ಷಕ್ಕೊಮ್ಮೆ ಒಂದು ಇಡೀ ಮಧ್ಯಾಹ್ನ ಒಟ್ಟಿಗೆ ಕೂರುತ್ತೇವೆ, ಅದು ನನಗೆ ಬೇಕು.

ಹೊಸದಾಗಿ ಬಳಸುವವರಿಗೆ ಒಂದು ಎಚ್ಚರಿಕೆ. ಕ್ರಾನ್‌ಟ್ಯಾಬ್ ಕಮಾಂಡಿನ ಮುಂದೆ ಪಟ್ಟಿ ತಿದ್ದಲು 'ಇ' ಅಕ್ಷರ, ಇಡೀ ಪಟ್ಟಿ ಅಳಿಸಲು 'ಆರ್' ಅಕ್ಷರ. ಕೀಲಿಮಣೆಯಲ್ಲಿ ಎರಡೂ ಅಕ್ಕಪಕ್ಕ, ಅಳಿಸುವ ಮುನ್ನ ಅದು ಸಾಮಾನ್ಯವಾಗಿ ಕೇಳುವುದೂ ಇಲ್ಲ. ಪಟ್ಟಿಯ ನಕಲನ್ನು ದಿನಾ ರಾತ್ರಿ ಪೆನ್‌ಡ್ರೈವಿಗೆ ಹಾಕುವ ಒಂದು ಸಾಲನ್ನು ಎಲ್ಲಕ್ಕಿಂತ ಮೊದಲು ಬರೆದುಬಿಡಿ: 0 23 * * *