ಕಾರಿನ್ ಡ್ರೇಯೆರ್ ಅವರ ಮೂರು ಆಲ್ಬಮ್‌ಗಳು: ನನ್ನ ರಾತ್ರಿಗೆ ಒಗ್ಗಿದ್ದು ಒಂದೇ

ಸ್ವೀಡನ್ನಿನ ಗಾಯಕರಾದ ಕಾರಿನ್ ಡ್ರೇಯೆರ್ ಅವರ ಮೂರು ಆಲ್ಬಮ್‌ಗಳ ಸಿ.ಡಿ.ಗಳನ್ನು ಒಂದೊಂದಾಗಿ ತರಿಸಿಕೊಂಡು ಕೇಳಿದ್ದೇನೆ. ಅವುಗಳಲ್ಲಿ ಕೈಗೆಟುಕುವಲ್ಲೇ ಇಟ್ಟುಕೊಂಡಿರುವುದು 2009ರ ‘ಫೀವರ್ ರೇ’ ಮಾತ್ರ. ಉಳಿದೆರಡು ಅವರು ತಮ್ಮನಾದ ಓಲೊಫ್ ಅವರೊಡನೆ ‘ದ ನೈಫ್’ ಎಂಬ ಹೆಸರಿನಲ್ಲಿ ಮಾಡಿದವು.

2006ರ ‘ಸೈಲೆಂಟ್ ಶೌಟ್’ ಕುಣಿಯುವವರಿಗೆ ಸಲ್ಲುವಂಥದು. ಮನೆಯವರೆಲ್ಲ ಮಲಗಿದ ಮೇಲೆ ಸಣ್ಣ ದನಿಯಲ್ಲಿ ಸಂಗೀತ ಕೇಳುವ ನನಗೆ ಅದರ ತಾಳದ ಕಸುವು ದಕ್ಕುವುದಿಲ್ಲ.

ನನ್ನನ್ನು ನಿಜವಾಗಿ ಪೇಚಿಗೆ ಸಿಲುಕಿಸಿದ್ದು 2013ರ ‘ಶೇಕಿಂಗ್ ದ ಹ್ಯಾಬಿಚುಯಲ್’. ಎರಡು ಸಿ.ಡಿ.ಗಳ ಈ ಆಲ್ಬಮ್ಮಿನಲ್ಲಿ ಮೊದಲನೆಯದು ಮುಗಿಯುವುದು ಸುಮಾರು 19 ನಿಮಿಷಗಳ ಒಂದು ರಚನೆಯಿಂದ. ಅದರಲ್ಲಿ ಮಾತಿಲ್ಲ, ತಾಳವಿಲ್ಲ, ದೂರದಲ್ಲೆಲ್ಲೋ ಯಂತ್ರವೊಂದು ಗುಂಯ್ಗುಡುತ್ತಿರುವಂತಹ ಸದ್ದಷ್ಟೇ ಇದೆ. ಮೊದಲ ರಾತ್ರಿ ಅದು ನನಗೆ ಕೇಳಿಸಲೇ ಇಲ್ಲ. ಆಂಪ್ಲಿಫೈಯರ್ ಕೆಟ್ಟಿತೆಂದು ತಿಳಿದು ತಂತಿಗಳನ್ನು ಬಿಚ್ಚಿ ಮತ್ತೆ ಜೋಡಿಸಿದೆ, ದನಿಯನ್ನು ಹೆಚ್ಚಿಸಿದೆ. ಕಡೆಗೆ ಕೇಳಿಸಿದ ಗುಂಯ್ಗಾಟವನ್ನೂ ಅರ್ತಿಂಗಿನ ದೋಷವೆಂದೇ ಭಾವಿಸಿ, ಪರೀಕ್ಷಿಸಿ ನೋಡಲು ಎರಡನೆಯ ಸಿ.ಡಿ. ಹಾಕಿದೆ. ಹೆಚ್ಚಿಸಿದ ದನಿಯನ್ನು ಇಳಿಸಲು ಮರೆತಿದ್ದರಿಂದ ಮನೆಯವರೆಲ್ಲ ಎದ್ದು ಕುಳಿತರು. ಆ ರಚನೆ ಕಳಪೆಯೆಂದು ನಾನು ಹೇಳುತ್ತಿಲ್ಲ. ಬಿಡುವಾದ ಒಂದು ಮಧ್ಯಾಹ್ನ ಕೇಳಿದಾಗ ಅದರೊಳಗಿನ ಸೂಕ್ಷ್ಮ ಏರಿಳಿತಗಳು ತಿಳಿದವು. ಆದರೆ ಅಂತಹ ಮಧ್ಯಾಹ್ನಗಳು ನನಗೆ ವರ್ಷಕ್ಕೆ ಎರಡು ಸಿಕ್ಕರೆ ಹೆಚ್ಚು.

‘ಫೀವರ್ ರೇ’ಯಲ್ಲೂ ಪ್ರಯೋಗವಿದೆ. ‘ಸೈಲೆಂಟ್ ಶೌಟ್’ನಲ್ಲಿ ಮಾಡಿದಂತೆಯೇ ಇಲ್ಲಿಯೂ ಕೊರಳನ್ನು ಯಂತ್ರದಿಂದ ತಗ್ಗಿಸಿ, ಹಾಡುತ್ತಿರುವುದು ಗಂಡೋ ಹೆಣ್ಣೋ ತಿಳಿಯದಂತೆ ಮಾಡಿದ್ದಾರೆ; ಆದರೆ ಲಯ ನಿಧಾನವಾಗಿರುವುದರಿಂದ ಸಣ್ಣ ದನಿಯಲ್ಲೂ ಯಾವುದೂ ಕಳೆದುಹೋಗುವುದಿಲ್ಲ. ಇದರ ಮೊದಲ ಹಾಡು ಮುಂದೆ ‘ವೈಕಿಂಗ್ಸ್’ ಧಾರಾವಾಹಿಯ ಶೀರ್ಷಿಕೆ ಗೀತೆಯಾಯಿತು. ಆ ಪರಿಚಯದಿಂದ ಹಡಗು ಕತ್ತಿಗಳನ್ನು ನಿರೀಕ್ಷಿಸಿ ಬಂದವರಿಗೆ ಒಳಗೆ ಸಿಗುವುದು ಪಾತ್ರೆ ತೊಳೆಯುವ ಯಂತ್ರದ ಮಾತು, ನಿದ್ದೆಗೆಟ್ಟ ಮನೆಯೊಂದರ ದಣಿವು. ಎಳೆಮಗುವಿರುವ ಮನೆಯಲ್ಲಿ ರಾತ್ರಿ ಕಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

2023ರ ‘ರ‍್ಯಾಡಿಕಲ್ ರೊಮ್ಯಾಂಟಿಕ್ಸ್’ನ ನಾಲ್ಕು ಹಾಡುಗಳಲ್ಲಿ ಓಲೊಫ್ ಮತ್ತೆ ಜೊತೆಗೂಡಿದ್ದಾರೆ. ಸದ್ಯಕ್ಕೆ ಅದನ್ನು ಫೋನಿನಲ್ಲೇ ಕೇಳುತ್ತಿದ್ದೇನೆ. ಹೊರದೇಶದಿಂದ ವರ್ಷಕ್ಕೊಂದೇ ಆಲ್ಬಮ್ ತರಿಸುವುದೆಂದು ನಿಯಮ ಮಾಡಿಕೊಂಡಿರುವ ನಾನು ಈ ವರ್ಷದ ಹಣವನ್ನು, ಗೀರು ಬಿದ್ದ ‘ಫೀವರ್ ರೇ’ಯ ಇನ್ನೊಂದು ಪ್ರತಿಗೆ ಆಗಲೇ ಖರ್ಚು ಮಾಡಿದ್ದೇನೆ.