‘ಕಿಲ್ಲಿಂಗ್ ಜೋಕ್’: ಹಳೇ ಬಣ್ಣವೋ, ಹೊಸ ಬಣ್ಣವೋ?

‘ಕಿಲ್ಲಿಂಗ್ ಜೋಕ್’ ಅನ್ನೋ ಬ್ಯಾಟ್‌ಮ್ಯಾನ್ ಕಾಮಿಕ್ಸ್ ಪುಸ್ತಕ ಎರಡು ಬಣ್ಣದಲ್ಲಿ ಬಂದಿದೆ. ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಹಳೆಯದಕ್ಕೆ. ಹೊಸದೂ ನನ್ನ ಕೈಗೆ ಬಂತು, ಆದರೆ ಅದು ಬೇಕು ಅಂತ ತಗೊಂಡಿದ್ದಲ್ಲ.

‘ಬ್ಯಾಟ್‌ಮ್ಯಾನ್: ದಿ ಕಿಲ್ಲಿಂಗ್ ಜೋಕ್’ 1988ರಲ್ಲಿ ಬಂದಾಗ ಕಥೆ ಅಲನ್ ಮೂರ್, ಚಿತ್ರ ಬ್ರಯನ್ ಬೋಲಂಡ್, ಬಣ್ಣ ಜಾನ್ ಹಿಗ್ಗಿನ್ಸ್. 2008ರ ಗಟ್ಟಿ ರಟ್ಟಿನ ಆವೃತ್ತಿಗೆ ಬೋಲಂಡ್ ತಾವೇ ಕೂತು ಪೂರ್ತಿ ಬಣ್ಣ ಬದಲಿಸಿದರು. ಎರಡರ ಮುಖಪುಟದಲ್ಲೂ ಅದೇ ಕ್ಯಾಮೆರಾ ಹಿಡಿದ ಜೋಕರ್, ಬ್ಯಾಟ್‌ಮ್ಯಾನ್‌ನ ಶತ್ರು. ಎಡವಟ್ಟಾಗಿದ್ದೇ ಇಲ್ಲಿ. ಹಳೇ ಪ್ರತಿ ಅಂತ ಆನ್‌ಲೈನಲ್ಲಿ ಆರ್ಡರ್ ಮಾಡಿದೆ, ಬಂದಿದ್ದು ಹೊಸ ಬಣ್ಣದ್ದು. ಫೋನ್ ಮಾಡಿದರೆ ‘ಪುಸ್ತಕ ಅದೇ ಅಲ್ವಾ ಸಾರ್?’ ಅಂದರು. ಹೆಸರು ಅದೇ, ಕಥೆ ಅದೇ, ಗೆರೆಯೂ ಅದೇ. ಬಣ್ಣ ಬೇರೆ ಅಂತ ವಾದ ಮಾಡುತ್ತಾ ಮಾಡುತ್ತಾ, ಸೀರೆ ಬದಲಾಯಿಸೋಕೆ ಬಂದವನ ಹಾಗೆ ಅನ್ನಿಸಿ ಫೋನ್ ಇಟ್ಟುಬಿಟ್ಟೆ.

ಉಪಾಯ ಆಮೇಲೆ ಗೊತ್ತಾಯಿತು. ಬ್ಯಾಟ್‌ಮ್ಯಾನ್ ಎದೆ ನೋಡಿ. ಬಾವಲಿ ಗುರುತಿನ ಹಿಂದೆ ಹಳದಿ ಮೊಟ್ಟೆಯಾಕಾರ ಇದ್ದರೆ ಹಳೆಯದು. ಹೊಸದರಲ್ಲಿ ಬೋಲಂಡ್ ಅದನ್ನು ತೆಗೆದಿದ್ದಾರೆ. ಒಳಪುಟದ ಫೋಟೊ ತರಿಸಿಕೊಳ್ಳದೆ ದುಡ್ಡು ಕಳಿಸಬೇಡಿ.

ಹಳೆಯದು ಯಾಕೆ ಇಷ್ಟ ಅಂದರೆ, ಅದರ ನೇರಳೆ, ಕಿತ್ತಳೆ, ಕಣ್ಣಿಗೆ ಚುಚ್ಚುವ ಹಳದಿ. ಪಾಳುಬಿದ್ದ ಜಾತ್ರೆಮೈದಾನದಲ್ಲಿ ಪೊಲೀಸ್ ಕಮಿಷನರ್ ಗಾರ್ಡನ್‌ಗೆ ಹುಚ್ಚು ಹಿಡಿಸೋಕೆ ಜೋಕರ್ ಹೊರಟಾಗ ಪುಟಕ್ಕೇ ಜ್ವರ ಬಂದ ಹಾಗಿರುತ್ತದೆ. ಹೊಸದರಲ್ಲಿ ಅದೇ ಪುಟ ತಣ್ಣಗಿದೆ. ಜೋಕರ್‌ನ ಹಳೇ ಬದುಕಿನ ಪುಟಗಳಂತೂ ಹೆಚ್ಚುಕಡಿಮೆ ಕಪ್ಪು-ಬಿಳುಪು, ನಡುವೆ ಒಂದೊಂದು ವಸ್ತು ಮಾತ್ರ ಕೆಂಪು. ಕೊನೆಗೆ, ಜೋಕರ್ ಆಗುವ ಮುಂಚೆ ಅವನು ಹಾಕಿಕೊಳ್ಳುವ ಕೆಂಪು ಮುಖವಾಡ. ಜಾಣತನ ಹೌದು. ಆದರೆ ಪಕ್ಕದಲ್ಲಿ ಕೂತು ‘ಇಲ್ನೋಡು, ಇಲ್ನೋಡು’ ಅಂತ ಯಾರೋ ಬೆರಳು ತೋರಿಸಿದ ಹಾಗಾಗುತ್ತದೆ. ಹಳೆಯದರ ಆ ಪುಟಗಳಲ್ಲಿ ಜೋಕರ್ ಸುಮ್ನೆ ಒಬ್ಬ ಸೋತ ಹಾಸ್ಯಗಾರ.

ಕಾಗದ, ಛಪಾಯಿ ಹೊಸದರದ್ದೇ ಚೆನ್ನ. ಬೋಲಂಡ್ ಬರೆದ ಪುಟ್ಟ ಕಥೆಯೊಂದು ಜಾಸ್ತಿ ಸಿಗುತ್ತದೆ.

ಫೋನಲ್ಲಿ ಒಂದೊಂದೇ ಚೌಕ ಓದೋದು ಬೇಡವೇ ಬೇಡ. ಒಂದು ದೃಶ್ಯ ಮುಗಿದ ಭಂಗಿಯಲ್ಲೇ ಮುಂದಿನದು ಶುರುವಾಗುವ ಮಜಾ ಅಲ್ಲಿ ಸತ್ತೇಹೋಗುತ್ತದೆ.

ಕೊನೆಗೆ ಹಳೇ ಪ್ರತಿ ಸಿಕ್ಕಿದ್ದು ಸೆಕೆಂಡ್‌ಹ್ಯಾಂಡ್ ಅಂಗಡಿಯಲ್ಲಿ, ಹೊಸದರ ಅರ್ಧ ಬೆಲೆಗೆ. ಬೆನ್ನು ಬಿರುಕು ಬಿಟ್ಟಿದೆ, ನಾನು ಮಲಗಿಕೊಂಡೇ ಓದುವವನು, ನಡೆಯುತ್ತದೆ. ಹೊಸದನ್ನು ಗೆಳೆಯನೊಬ್ಬ ಒಯ್ದು ಎಂಟು ತಿಂಗಳಾಯಿತು. ಇನ್ನೂ ಕೇಳಿಲ್ಲ.